ಹಿಮದ ಸೀಮೆಯಿಂದ ಕಾಕನಕೋಟೆಗೆ: ರಾಬರ್ಟ್ ಫ್ಲಾಹರ್ಟಿಯ ಜೀವನ

ಕನ್ನಡದ ಮೊದಲ ವಾಕ್ಚಿತ್ರವಾದ ‘ಸತಿ ಸುಲೋಚನಾ’ ತೆರೆಯ ಮೇಲೆ ಬಂದದ್ದು 1934ರಲ್ಲಿ. ಅದನ್ನು ತೆಗೆದದ್ದು ನಮ್ಮ ನಾಡಿನಲ್ಲಲ್ಲ, ಕೊಲ್ಹಾಪುರದ ಸ್ಟುಡಿಯೋದಲ್ಲಿ. ಹೊರನಾಡಿನಲ್ಲಿ ನೆಲಸಿ ಕನ್ನಡದ ಕೆಲಸ ಮಾಡುವ ನಮ್ಮಂಥವರಿಗೆ ಇದು ನೆನೆಯಬೇಕಾದ ಸಂಗತಿಯೇ ಸರಿ. ಆದರೆ ಅದರ ಮರುವರ್ಷವೇ ಇದಕ್ಕೆ ತದ್ವಿರುದ್ಧವಾದ ಇನ್ನೊಂದು ಸಂಗತಿ ನಡೆಯಿತು. ಕನ್ನಡದವರು ಚಿತ್ರ ತೆಗೆಯಲು ಕೊಲ್ಹಾಪುರಕ್ಕೆ ಹೋದರೆ, ಸಪ್ತಸಮುದ್ರಗಳಾಚೆಯ ಒಬ್ಬ ಅಮೆರಿಕನ್ನನು ಚಿತ್ರ ತೆಗೆಯಲು ಮೈಸೂರಿಗೆ ಬಂದನು. ಬಂದವನು ಅರಮನೆಯನ್ನಾಗಲಿ ದಸರೆಯನ್ನಾಗಲಿ ಹುಡುಕಿ ಬರಲಿಲ್ಲ. ಹೆಗ್ಗಡದೇವನಕೋಟೆಯ ಕಾಡು, ಕಪಿಲೆಯ ನೀರು, ಆನೆ, ಆನೆಯ ಬಳಿ ಬೆಳೆದ ಒಬ್ಬ ಹುಡುಗ, ಇಷ್ಟು ಆತನಿಗೆ ಸಾಕಾಗಿದ್ದುವು. ಆತನ ಹೆಸರು ರಾಬರ್ಟ್ ಫ್ಲಾಹರ್ಟಿ. ಹೆಗ್ಗಡದೇವನಕೋಟೆಯ ಕಡೆಯವರು ಈ ಊರಿನಲ್ಲಿಯೂ ಕೆಲವರಿದ್ದೀರಿ. ನಿಮ್ಮ ಮನೆಯ ಹಿರಿಯರಿಂದ ಖೆಡ್ಡಾದ ಕಥೆಗಳನ್ನು ಕೇಳಿರುತ್ತೀರಿ. ಆ ಖೆಡ್ಡಾವನ್ನು ಲೋಕವೆಲ್ಲ ನೋಡುವಂತೆ ಮಾಡಿದವನ ಕಥೆಯೂ ಕೇಳಬೇಕಾದದ್ದೇ.

ಫ್ಲಾಹರ್ಟಿ ಹುಟ್ಟಿದ್ದು 1884ನೆಯ ಇಸವಿ ಫೆಬ್ರವರಿ 16ರಂದು, ಅಮೆರಿಕದ ಮಿಷಿಗನ್ ಸಂಸ್ಥಾನದ ಐರನ್ ಮೌಂಟನ್ ಎಂಬ ಊರಿನಲ್ಲಿ. ಹೆಸರೇ ಹೇಳುವಂತೆ ಅದು ಕಬ್ಬಿಣದ ಗಣಿಗಳ ಊರು. ತಂದೆ ಐರಿಷ್ ಮೂಲದವನು, ಗಣಿಗಳ ಎಂಜಿನಿಯರು; ತಾಯಿ ಜರ್ಮನ್ ಮೂಲದವಳು. ಏಳು ಮಕ್ಕಳಲ್ಲಿ ರಾಬರ್ಟನೇ ಹಿರಿಯ. ಗಣಿಯ ಕೆಲಸ ಎಲ್ಲಿ ಕರೆದರೆ ಅಲ್ಲಿಗೆ ಸಂಸಾರ. ಹುಡುಗನು ಇನ್ನೂ ಚಿಕ್ಕವನಿರುವಾಗಲೇ ತಂದೆ ಅವನನ್ನು ಕೆನಡಾದ ಚಿನ್ನದ ಗಣಿಯೊಂದಕ್ಕೆ ಕರೆದೊಯ್ದನು. ಅಲ್ಲಿ ಶಾಲೆಯಿಲ್ಲ, ಮೇಷ್ಟ್ರಿಲ್ಲ. ಕಾಡು, ಸರೋವರ, ಗಣಿಗಾರರು, ಅಲ್ಲಿನ ಮೂಲ ನಿವಾಸಿಗಳು. ಹುಡುಗನು ಅವರಿಂದ ಕಲಿತಷ್ಟನ್ನು ಬಳಿಕ ಯಾವ ಶಾಲೆಯಲ್ಲಿಯೂ ಕಲಿಯಲಿಲ್ಲವೆಂದರೆ ತಪ್ಪಾಗಲಾರದು. ಟೊರಾಂಟೋದ ಒಳ್ಳೆಯ ಶಾಲೆಗೆ ಹಾಕಿದರು. ಆಮೇಲೆ ಮಿಷಿಗನ್ನಿನ ಗಣಿ ಕಾಲೇಜಿಗೆ ಸೇರಿಸಿದರು. ಅಲ್ಲಿಂದ ಕೆಲವೇ ತಿಂಗಳುಗಳಲ್ಲಿ ಅವನನ್ನು ಹೊರಕ್ಕೆ ಕಳುಹಿಸಿದರು. ಆ ಕಾಲೇಜಿನಿಂದ ಆತನಿಗೆ ಆದ ಒಂದೇ ಲಾಭವೆಂದರೆ ಫ್ರಾನ್ಸಿಸ್ ಹಬ್ಬರ್ಡ್ ಎಂಬ ವಿದ್ಯಾವಂತ ಕನ್ಯೆಯ ಪರಿಚಯ. ಆಕೆ ಭೂವಿಜ್ಞಾನಿಯೊಬ್ಬರ ಮಗಳು. 1914ರಲ್ಲಿ ಇಬ್ಬರಿಗೂ ಮದುವೆಯಾಯಿತು. ಮುಂದಿನ ಕಥೆಯಲ್ಲಿ ಆಕೆಯ ಪಾಲು ಸಣ್ಣದಲ್ಲ. ಗಂಡನ ಚಿತ್ರಗಳಿಗೆ ಕಥೆ ಬರೆಯುವುದರಲ್ಲಿ, ಸ್ಥಿರಚಿತ್ರ ತೆಗೆಯುವುದರಲ್ಲಿ, ಅಷ್ಟೇಕೆ, ಕೋಪ ಬಂದಾಗ ಆತನನ್ನು ಹದಕ್ಕೆ ತರುವುದರಲ್ಲಿ ಆಕೆಯೇ ಬೇಕಾಗಿದ್ದಿತು. ಇಂಥವರ ಹೆಸರನ್ನು ನಾವು ಸಾಮಾನ್ಯವಾಗಿ ಕೊನೆಯ ಸಾಲಿನಲ್ಲಿ ಹೇಳಿ ಮುಗಿಸುತ್ತೇವೆ, ಅದು ನ್ಯಾಯವಲ್ಲ.

1910ರಲ್ಲಿ ಕೆನಡಾದ ರೈಲುಮಾರ್ಗಗಳ ದೊಡ್ಡ ಉದ್ಯಮಿ ಸರ್ ವಿಲಿಯಂ ಮೆಕೆಂಜಿ ಫ್ಲಾಹರ್ಟಿಯನ್ನು ಹಡ್ಸನ್ ಕೊಲ್ಲಿಯ ಪೂರ್ವ ತೀರಕ್ಕೆ ಕಳುಹಿಸಿದನು. ಕಬ್ಬಿಣದ ಅದಿರು ಇದೆಯೇ ನೋಡಿ ಬರಬೇಕು, ಅಷ್ಟೇ ಕೆಲಸ. ಒಂದು ಸಲ ಹೋದನು, ಮತ್ತೆ ಹೋದನು. ನಾಯಿಗಳೆಳೆಯುವ ಹಿಮಗಾಡಿಯಲ್ಲಿ ನೂರಾರು ಮೈಲಿ. ಭೂಪಟದಲ್ಲಿ ಚುಕ್ಕೆಗಳಂತಿದ್ದ ಬೆಲ್ಚರ್ ದ್ವೀಪಗಳು ನಿಜವಾಗಿ ಬಹು ದೊಡ್ಡವೆಂದು ಆತನು ಕಂಡುಹಿಡಿದನು. ಅವುಗಳಲ್ಲಿ ದೊಡ್ಡ ದ್ವೀಪಕ್ಕೆ ಇಂದಿಗೂ ಆತನದೇ ಹೆಸರು. ಅದಿರು ಸಿಕ್ಕಿತು, ಆದರೆ ತೆಗೆದು ಸಾಗಿಸುವಷ್ಟು ಬೆಲೆಯುಳ್ಳದ್ದಾಗಿರಲಿಲ್ಲ. ಕಬ್ಬಿಣಕ್ಕಾಗಿ ಹೋದವನು ಮನುಷ್ಯರನ್ನು ಕಂಡು ಬಂದನು. ಆಗ ಎಸ್ಕಿಮೋಗಳೆಂದು ಕರೆಯುತ್ತಿದ್ದ, ಈಗ ತಮ್ಮ ಹೆಸರಿನಿಂದಲೇ ಇನುಯಿಟ್ ಎಂದು ಕರೆಸಿಕೊಳ್ಳುವ ಆ ಜನರ ಸಂಗಡ ಆತನು ಉಂಡನು, ಮಲಗಿದನು, ದಾರಿ ನಡೆದನು. ಅವರಿಲ್ಲದೆ ಆ ಸೀಮೆಯಲ್ಲಿ ಒಂದು ದಿನವೂ ಬದುಕಿರುವುದು ಆತನಿಂದ ಸಾಧ್ಯವಿರಲಿಲ್ಲ.

ಮೂರನೆಯ ಪ್ರಯಾಣಕ್ಕೆ ಸಿದ್ಧನಾದಾಗ, 1913ರಲ್ಲಿ, ಚಲಚ್ಚಿತ್ರದ ಕ್ಯಾಮರವೊಂದನ್ನು ಒಯ್ದರೇನು ಎಂದು ಮೆಕೆಂಜಿಯೇ ಸೂಚಿಸಿದನು. ಫ್ಲಾಹರ್ಟಿಗೆ ಆಗ ಆ ವಿದ್ಯೆಯ ಗಂಧವೂ ಇರಲಿಲ್ಲ. ನ್ಯೂಯಾರ್ಕ್ ಸಂಸ್ಥಾನದ ರಾಚೆಸ್ಟರ್ ಪಟ್ಟಣಕ್ಕೆ ಹೋಗಿ ಮೂರು ವಾರ ಪಾಠ ಹೇಳಿಸಿಕೊಂಡನು. ಆತನ ಚಲಚ್ಚಿತ್ರ ವಿದ್ಯಾಭ್ಯಾಸ ಅಷ್ಟೇ. ಎರಡು ವರ್ಷಗಳಲ್ಲಿ ಬಹಳ ಚಿತ್ರ ತೆಗೆದನು. 1916ರಲ್ಲಿ ಟೊರಾಂಟೋದಲ್ಲಿ ಕುಳಿತು ಅದನ್ನು ಜೋಡಿಸುತ್ತಿದ್ದಾಗ ಕೈಯಲ್ಲಿದ್ದ ಸಿಗರೇಟಿನ ಕಿಡಿ ಫಿಲ್ಮಿನ ಮೇಲೆ ಬಿತ್ತು. ಆ ಕಾಲದ ಫಿಲ್ಮು ಮದ್ದಿನಂತೆ ಉರಿಯುವ ಪದಾರ್ಥ. ಸುಮಾರು 30,000 ಅಡಿ ನೆಗೆಟಿವ್ ನೋಡುನೋಡುತ್ತಿದ್ದಂತೆಯೇ ಸುಟ್ಟುಹೋಯಿತು. ಆತನೂ ಸುಟ್ಟಗಾಯಗಳಿಂದ ಆಸ್ಪತ್ರೆ ಸೇರಿದನು.

ಬೇರೆಯವರಾದರೆ ಹಣೆಬರಹವೆಂದು ಕೈಬಿಡುತ್ತಿದ್ದರು. ಒಂದು ಪ್ರತಿ ಹೇಗೋ ಉಳಿದಿದ್ದಿತು. ಅದನ್ನೇ ಕೆಲವರಿಗೆ ತೋರಿಸಿ ನೋಡಿದನು. ನೋಡಿದವರು ಮರ್ಯಾದೆಗೆ ಮೆಚ್ಚಿದರೇ ಹೊರತು ಯಾರ ಮನಸ್ಸಿಗೂ ಅದು ಹತ್ತಲಿಲ್ಲ. ಫ್ಲಾಹರ್ಟಿಗೇ ಅದು ಬೇಸರ ತಂದಿತು. ಇಲ್ಲೊಂದು ದೃಶ್ಯ, ಅಲ್ಲೊಂದು ದೃಶ್ಯ. ಯಾತ್ರೆಗೆ ಹೋಗಿ ಬಂದವರು ತಂದ ಚಿತ್ರಪಟಗಳ ಹಾಗೆ. ಒಬ್ಬ ಮನುಷ್ಯನನ್ನು, ಅವನ ಹೆಂಡಿರು ಮಕ್ಕಳನ್ನು ಹಿಡಿದುಕೊಂಡು ಅವರ ಒಂದು ವರ್ಷದ ಬಾಳನ್ನು ತೋರಿಸಿದರೆ ನೋಡುವವರ ಎದೆ ಮಿಡಿಯಬಹುದೆಂಬ ವಿಚಾರ ಆತನಿಗೆ ಹೊಳೆದದ್ದು ಆಗಲೇ. ಇಂದು ಇದು ನಮಗೆ ಸಹಜವಾಗಿ ತೋರುತ್ತದೆ. ಅಂದು ಯಾರೂ ಹೀಗೆ ಮಾಡಿರಲಿಲ್ಲ.

ಹಣವಿಲ್ಲದೆ ನಾಲ್ಕು ವರ್ಷ ಕಳೆದುವು. ಕೊನೆಗೆ ರೆವಿಯೋನ್ ಫ್ರೆರ್ ಎಂಬ ಫ್ರೆಂಚ್ ತುಪ್ಪಳದ ವ್ಯಾಪಾರಿ ಸಂಸ್ಥೆ ಖರ್ಚು ವಹಿಸಿಕೊಂಡಿತು. 1920ರ ಆಗಸ್ಟಿನಲ್ಲಿ ಫ್ಲಾಹರ್ಟಿ ಹಡ್ಸನ್ ಕೊಲ್ಲಿಯ ಪೋರ್ಟ್ ಹ್ಯಾರಿಸನ್ ಎಂಬಲ್ಲಿಗೆ ತಲುಪಿದನು. ಅದರ ಈಗಿನ ಹೆಸರು ಇನುಕ್ಜುವಾಕ್. ಆತನು ಆರಿಸಿಕೊಂಡ ಬೇಟೆಗಾರನ ನಿಜವಾದ ಹೆಸರು ಅಲ್ಲಕರಿಯಲ್ಲಕ್. ಬಿಳಿಯರ ನಾಲಗೆಗೆ ಸುಲಭವಾಗಲೆಂದು ಚಿತ್ರದಲ್ಲಿ ಅವನಿಗೆ ನಾನೂಕ್, ಎಂದರೆ ಕರಡಿ, ಎಂದು ಹೆಸರಿಟ್ಟನು.

ಅಲ್ಲಿ ಕೆಲಸ ನಡೆದ ರೀತಿಯನ್ನು ಕೊಂಚ ವಿವರವಾಗಿ ಹೇಳಬೇಕು. ತೆಗೆದ ಚಿತ್ರವನ್ನು ಅಲ್ಲಿಯೇ ತೊಳೆದು ಅಲ್ಲಿಯೇ ಅಚ್ಚು ತೆಗೆದು ಆ ಜನರಿಗೇ ತೋರಿಸಬೇಕೆಂಬುದು ಫ್ಲಾಹರ್ಟಿಯ ಹಟ. ನೀರು ಬೇಕು, ಕೊಲ್ಲಿಯೆಲ್ಲ ಹೆಪ್ಪುಗಟ್ಟಿದೆ. ಆಳದವರೆಗೆ ಮಂಜುಗಡ್ಡೆ ಕಡಿದು ತೂತು ಮಾಡಿ, ಪೀಪಾಯಿಗಳಲ್ಲಿ ನೀರು ತುಂಬಿ, ಹಿಮಗಾಡಿಯ ಮೇಲೆ ಗುಡಿಸಿಲಿಗೆ ತರಬೇಕು. ದಾರಿಯಲ್ಲಿ ಅದು ಮತ್ತೆ ಹೆಪ್ಪುಗಟ್ಟುವುದು. ತರುವವರ ಚರ್ಮದ ಉಡುಪಿನಿಂದ ಉದುರಿದ ಕೂದಲು ನೀರಿನಲ್ಲಿ ತೇಲುವುದು. ಅದನ್ನು ಸೋಸಿ ತೆಗೆಯಬೇಕು. ಒಯ್ದಿದ್ದ ವಿದ್ಯುತ್ ಯಂತ್ರದ ಬೆಳಕು ಒಂದೇ ಸಮನಾಗಿ ಬಾರದ್ದರಿಂದ, ಗುಡಿಸಿಲಿನ ಕಿಟಕಿಯನ್ನು ಮುಚ್ಚಿ, ಫಿಲ್ಮಿನ ಅಗಲದಷ್ಟೇ ಸಂದು ಬಿಟ್ಟು, ಹಗಲಿನ ಬೆಳಕಿನಿಂದಲೇ ಪ್ರತಿಗಳನ್ನು ತೆಗೆದನು. ಒಮ್ಮೆ ಕ್ಯಾಮರ ಸಮುದ್ರದ ಪಾಲಾದಾಗ ಅದನ್ನು ಎತ್ತಿ, ಅಂಗಾಂಗ ಬಿಚ್ಚಿ, ಒರೆಸಿ, ಮತ್ತೆ ಜೋಡಿಸಿ ಕೊಟ್ಟವರೂ ಅಲ್ಲಿನ ಜನರೇ. ವಾಲ್ರಸ್ ಎಂಬ ದಂತವುಳ್ಳ ಸಮುದ್ರಪ್ರಾಣಿಯ ಬೇಟೆಯ ಭಾಗವನ್ನು ಮೊದಲ ಸಲ ಪರದೆಯ ಮೇಲೆ ತೋರಿಸಿದಾಗ ಗುಡಿಸಿಲೆಲ್ಲ ಕೂಗೋ ಕೂಗು. ಹಿಡಿ, ಬಿಡಬೇಡ ಎಂದು ಪರದೆಯೊಳಗಿನವರಿಗೆ ಹೊರಗಿನವರ ಉಪದೇಶ. ನಮ್ಮ ಹಳ್ಳಿಯ ಬಯಲಾಟದಲ್ಲಿ ಕೀಚಕನನ್ನು ಬಡಿಯುವಾಗ ಆಗುವ ಗದ್ದಲವನ್ನು ಕಂಡವರಿಗೆ ಇದನ್ನು ಊಹಿಸಿಕೊಳ್ಳುವುದು ಕಷ್ಟವಲ್ಲ. ಅಂದಿನಿಂದ ಅವರು ಫ್ಲಾಹರ್ಟಿಯ ಕೂಲಿಯಾಳುಗಳಾಗಿ ಉಳಿಯಲಿಲ್ಲ. ಮುಂದೇನು ತೆಗೆಯಬೇಕೆಂದು ಅವರೇ ಹೇಳತೊಡಗಿದರು. ಕರಡಿಯ ಬೇಟೆಯನ್ನು ತೆಗೆಯೋಣವೆಂಬ ಮಾತು ಬಂದಿತು. ಅದಕ್ಕಾಗಿ ನಡುಚಳಿಯಲ್ಲಿ ಎಂಟು ವಾರ, ಸುಮಾರು 600 ಮೈಲಿ ಅಲೆದರು. ನಾಯಿಗಳು ಹಸಿವಿನಿಂದ ಸತ್ತುವು. ಕರಡಿ ಮಾತ್ರ ಸಿಗಲಿಲ್ಲ.

‘ನಾನೂಕ್ ಆಫ್ ದಿ ನಾರ್ತ್’ ಸಿದ್ಧವಾದ ಮೇಲೆ ದೊಡ್ಡ ದೊಡ್ಡ ಕಂಪೆನಿಗಳು ಅದನ್ನು ಬೇಡವೆಂದುವು. ರಾಜಕುಮಾರನಿಲ್ಲ, ನಾಯಕಿಯಿಲ್ಲ, ಇದನ್ನು ಯಾರು ನೋಡುತ್ತಾರೆ? ಕೊನೆಗೆ ಪಾಥೆ ಸಂಸ್ಥೆ ಒಪ್ಪಿತು. 1922ರ ಜೂನ್ 11ರಂದು ನ್ಯೂಯಾರ್ಕಿನ ಕ್ಯಾಪಿಟಲ್ ಚಿತ್ರಮಂದಿರದಲ್ಲಿ ಅದು ತೆರೆ ಕಂಡಿತು. ಆ ಬಳಿಕ ಲಂಡನ್ನು, ಪ್ಯಾರಿಸ್ಸು, ಬರ್ಲಿನ್ನು ಎಲ್ಲ ಕಡೆಯೂ ನಾನೂಕನ ನಗುಮುಖವೇ. ಅದೇ ಹೊತ್ತಿಗೆ, ಎರಡು ವರ್ಷ ತುಂಬುವುದರೊಳಗೆ, ಆ ನಗುಮುಖದವನು ತನ್ನ ಹಿಮದ ನಾಡಿನಲ್ಲಿ ತೀರಿಕೊಂಡನು. ಬೇಟೆಗೆ ಹೋಗಿ ಹಸಿವಿನಿಂದ ಸತ್ತನೆಂದು ಫ್ಲಾಹರ್ಟಿ ಹೇಳುತ್ತಿದ್ದನು. ಕ್ಷಯರೋಗದಿಂದಿರಬೇಕೆಂದು ಈಚಿನವರ ಅಭಿಪ್ರಾಯ.

ಇಲ್ಲಿ ಒಂದು ಪ್ರಶ್ನೆ ಏಳುತ್ತದೆ; ಫ್ಲಾಹರ್ಟಿಯ ಹೆಸರು ಬಂದಲ್ಲೆಲ್ಲ ಇದು ಏಳುತ್ತಲೇ ಇದೆ. ಕಂಡದ್ದನ್ನು ಕಂಡಂತೆ ತೆಗೆದನೆಂದು ಕೀರ್ತಿ ಪಡೆದವನು ಎಷ್ಟನ್ನು ಕಂಡಂತೆ ತೆಗೆದನು? ಅಲ್ಲಕರಿಯಲ್ಲಕನ ಕಾಲಕ್ಕೆ ಅಲ್ಲಿಯ ಜನರ ಕೈಗೆ ಬಂದೂಕು ಬಂದಿದ್ದಿತು. ಫ್ಲಾಹರ್ಟಿ ಅದನ್ನು ಕೆಳಗಿಡಿಸಿ, ಅಜ್ಜಂದಿರ ಕಾಲದ ಈಟಿಯನ್ನು ಹಿಡಿಸಿದನು. ವಾಲ್ರಸ್ಸು ಹಗ್ಗವನ್ನು ಸಮುದ್ರದ ಕಡೆಗೆ ಜಗ್ಗಿ ಎಳೆದಾಡುತ್ತಿದ್ದಾಗ, ಬಂದೂಕು ಹಾರಿಸೆಂದು ಅವರು ಕೂಗಿಕೊಂಡರೂ ಕೇಳಿಸದವನಂತೆ ಕ್ಯಾಮರದ ಹಿಡಿ ತಿರುಗಿಸುತ್ತಲೇ ಇದ್ದನೆಂದು ಹೇಳುತ್ತಾರೆ. ಹಿಮದ ಮನೆಯೊಳಗೆ ಬೆಳಕು ಸಾಲದೆ ಅರ್ಧ ಮನೆಯನ್ನು ಕತ್ತರಿಸಿಹಾಕಿದನು. ಆ ಅರ್ಧ ಮನೆಯಲ್ಲಿ, ಕೊರೆಯುವ ಗಾಳಿಯಲ್ಲಿ, ಆ ಸಂಸಾರ ಮೈಬಿಚ್ಚಿ ಮಲಗುವ ನಟನೆ ಮಾಡಿತು. ಗ್ರಾಮಾಫೋನನ್ನು ಮೊದಲ ಬಾರಿ ಕಂಡವನಂತೆ ನಾನೂಕನು ತಟ್ಟೆಯನ್ನು ಕಚ್ಚಿ ನೋಡುತ್ತಾನೆ, ಅದೂ ಆಟವೇ. ಸಂಸಾರವೆಂದು ತೋರಿಸಿದ್ದು ಸಹ ಒಂದೇ ಮನೆಯ ಸಂಸಾರವಲ್ಲ.

ಇದನ್ನು ಮೋಸವೆನ್ನಬೇಕೇ? ನನಗೆ ಹಾಗೆ ಅನಿಸುವುದಿಲ್ಲ. ಹಾಗೆಂದು ಪೂರ್ತಿಯಾಗಿ ಬಿಟ್ಟುಕೊಡಲೂ ಮನಸ್ಸಿಲ್ಲ. ಅಳಿದುಹೋಗುತ್ತಿದ್ದ ಒಂದು ಬಾಳನ್ನು ಅದು ಬದುಕಿದ್ದಂತೆ ಹಿಡಿದಿಡಬೇಕೆಂಬುದು ಆತನ ಆಸೆ. ಆ ಜನರಿಗೂ ಅದು ಒಪ್ಪಿಗೆಯಾಗಿದ್ದಿತು. ಅಜ್ಜಂದಿರ ಬೇಟೆಯನ್ನು ಆಡಿ ತೋರಿಸುವುದರಲ್ಲಿ ಅವರಿಗೂ ಹೆಮ್ಮೆ. ನಾವು ಕೂಡ ರಾಜ್ಯೋತ್ಸವದ ದಿನ ನಮ್ಮ ಮಕ್ಕಳಿಗೆ ಇಳಕಲ್ ಸೀರೆಯುಡಿಸಿ, ಪೇಟ ಸುತ್ತಿ, ವೇದಿಕೆಯ ಮೇಲೆ ರಾಗಿ ಬೀಸುವ ಹಾಡು ಹೇಳಿಸುತ್ತೇವೆ. ಮನೆಯಲ್ಲಿ ಬೀಸುವ ಕಲ್ಲು ಎಲ್ಲಿದೆ? ಆದರೆ ನೋಡುವವನಿಗೆ ಇದು ನಿನ್ನೆಯದು, ಇದು ಇಂದಿನದು ಎಂದು ಹೇಳಿಬಿಡುವ ಋಣ ಒಂದಿದೆಯಲ್ಲ, ಅದನ್ನು ಫ್ಲಾಹರ್ಟಿ ತೀರಿಸಲಿಲ್ಲ.

ನಾನೂಕನ ಯಶಸ್ಸನ್ನು ಕಂಡು, ಮೊದಲು ಬೇಡವೆಂದಿದ್ದ ಪ್ಯಾರಾಮೌಂಟ್ ಕಂಪೆನಿಯೇ ಇನ್ನೊಂದು ಅಂಥದೇ ಚಿತ್ರ ಬೇಕೆಂದು ಹಣ ಕೊಟ್ಟಿತು. 1923ರಲ್ಲಿ ಫ್ಲಾಹರ್ಟಿ ಹೆಂಡತಿ, ಮೂವರು ಹೆಣ್ಣುಮಕ್ಕಳು ಮತ್ತು ತಮ್ಮ ಡೇವಿಡ್ಡನೊಡನೆ ಪೆಸಿಫಿಕ್ ಸಾಗರದ ಸಮೋವಾಕ್ಕೆ ಹೊರಟನು. ಸವಾಯಿ ದ್ವೀಪದ ಸಫೂನೆ ಎಂಬ ಹಳ್ಳಿಯಲ್ಲಿ ಬಿಡಾರ. ಅಲ್ಲಿಯೂ ಸಮುದ್ರದ ಭೂತಾಕಾರದ ಪ್ರಾಣಿಗಳೊಡನೆ ಮನುಷ್ಯನ ಹೋರಾಟವನ್ನು ತೆಗೆಯಬೇಕೆಂದು ಹೋದನು. ಹುಡುಕಿದರೆ ಪ್ರಾಣಿಯೂ ಇಲ್ಲ, ಹೋರಾಟವೂ ಇಲ್ಲ. ತೆಂಗು, ಬಾಳೆ, ಮೀನು, ಯಾವುದಕ್ಕೂ ಕೊರತೆಯಿಲ್ಲದ ನಾಡು. ಕೊನೆಗೆ ತರುಣನೊಬ್ಬನು ಗಂಡಸಾದನೆಂಬುದರ ಗುರುತಾಗಿ ಸೊಂಟದಿಂದ ಮೊಣಕಾಲಿನವರೆಗೆ ಹಚ್ಚೆ ಹೊಯ್ಯಿಸಿಕೊಳ್ಳುವ ಪದ್ಧತಿಯೇ ಚಿತ್ರದ ಜೀವಾಳವಾಯಿತು. ಆ ಪದ್ಧತಿಯೂ ಆಗ ಹಿಂದೆ ಬೀಳುತ್ತಿದ್ದಿತು. ಚಿತ್ರಕ್ಕಾಗಿ ಆ ತರುಣನು ಅನುಭವಿಸಿದ ನೋವು ಮಾತ್ರ ನಟನೆಯದಲ್ಲ. ಫಿಲ್ಮು ತೊಳೆಯುತ್ತಿದ್ದ ಗುಹೆಯ ನೀರನ್ನು ಕುಡಿದು, ಅದರಲ್ಲಿ ಬೆರೆತಿದ್ದ ಬೆಳ್ಳಿಯ ರಾಸಾಯನಿಕದಿಂದ ಫ್ಲಾಹರ್ಟಿ ಸಾಯುವಷ್ಟಾದನು. 1926ರಲ್ಲಿ ‘ಮೊವಾನಾ’ ಹೊರಬಂದಿತು. ಕಂಪೆನಿಯವರು ಅದನ್ನು ದಕ್ಷಿಣ ಸಮುದ್ರದ ಮೋಹಿನಿಯೊಬ್ಬಳ ಪ್ರಣಯಕಥೆಯೆಂದು ಜಾಹೀರಾತು ಹಾಕಿದರಂತೆ! ಹಣ ಬರಲಿಲ್ಲ. ಆದರೆ ಜಾನ್ ಗ್ರಿಯರ್ಸನ್ ಎಂಬ ಸ್ಕಾಟ್ಲೆಂಡಿನ ತರುಣನು ನ್ಯೂಯಾರ್ಕಿನ ಪತ್ರಿಕೆಯೊಂದರಲ್ಲಿ ಈ ಚಿತ್ರದ ವಿಮರ್ಶೆ ಬರೆಯುತ್ತ ಡಾಕ್ಯುಮೆಂಟರಿ ಎಂಬ ಮಾತನ್ನು ಬಳಸಿದನು. ನಾವು ಸಾಕ್ಷ್ಯಚಿತ್ರವೆನ್ನುವ ಪ್ರಕಾರಕ್ಕೆ ಆ ಹೆಸರು ನಿಂತದ್ದು ಅಲ್ಲಿಂದ.

ಮುಂದಿನ ಕೆಲವು ವರ್ಷಗಳು ಚೆನ್ನಾಗಿರಲಿಲ್ಲ. ಹಾಲಿವುಡ್ಡಿನವರೊಡನೆ ಆತನಿಗೆ ಹೊಂದಿಕೆಯಾಗಲಿಲ್ಲ. ಒಂದು ಚಿತ್ರವನ್ನು ಅರ್ಧಕ್ಕೇ ಬಿಟ್ಟು ಬಂದನು. ಜರ್ಮನಿಯ ಪ್ರಸಿದ್ಧ ನಿರ್ದೇಶಕ ಮುರ್ನೌನೊಡನೆ ‘ಟಾಬೂ’ ಎಂಬುದಕ್ಕೆ ಕೈಹಾಕಿ ಅದರಿಂದಲೂ ದೂರವಾದನು. ಇಂಗ್ಲೆಂಡಿಗೆ ಬಂದಾಗ ಅದೇ ಗ್ರಿಯರ್ಸನ್ನನು ಸರಕಾರಿ ಚಿತ್ರವೊಂದರಲ್ಲಿ ಕೆಲಸ ಕೊಟ್ಟನು.

ಆ ಬಳಿಕ ಐರ್ಲೆಂಡಿನ ಪಶ್ಚಿಮದ ಆರನ್ ದ್ವೀಪಗಳು. ಬರೀ ಬಂಡೆ, ಮಣ್ಣೇ ಇಲ್ಲ. ಬಂಡೆಯ ಸಂದುಗಳಿಂದ ಕೆದಕಿ ತೆಗೆದ ಹಿಡಿಮಣ್ಣಿಗೆ ಮರಳನ್ನೂ ಸಮುದ್ರದ ಪಾಚಿಯನ್ನೂ ಬೆರೆಸಿ, ಬೆನ್ನ ಮೇಲೆ ಹೊತ್ತು ತಂದು ಹಾಸಿ, ಆಲೂಗಡ್ಡೆ ಬೆಳೆಯುವ ಜನ. 1934ರಲ್ಲಿ ಬಂದ ‘ಮ್ಯಾನ್ ಆಫ್ ಆರನ್’ ಚಿತ್ರದಲ್ಲಿ ಆ ಹೆಂಗಸು ಪಾಚಿಯ ಹೊರೆ ಹೊತ್ತು ಏರುವುದನ್ನು ಕಂಡವರು ಮರೆಯಲಾರರು. ಆದರೆ ಅದರಲ್ಲಿಯ ಮೀನಿನ ಬೇಟೆ? ದೀಪದೆಣ್ಣೆಗಾಗಿ ದೊಡ್ಡ ಶಾರ್ಕುಗಳನ್ನು ಹಿಡಿಯುವುದನ್ನು ಆ ದ್ವೀಪದವರು ಬಿಟ್ಟು ಅರ್ಧ ಶತಮಾನಕ್ಕೂ ಹೆಚ್ಚಾಗಿದ್ದಿತು. ಈಟಿ ಎಸೆಯುವುದನ್ನು ಹೊಸದಾಗಿ ಕಲಿಸಬೇಕಾಯಿತು. ಬಿರುಗಾಳಿಯಲ್ಲಿ ಸಣ್ಣ ದೋಣಿಯನ್ನು ಇಳಿಸಿದವರಲ್ಲಿ ಯಾರಾದರೂ ಹಿಂದಿರುಗದಿದ್ದರೆ ಆ ಪಾಪ ತನ್ನದೇ ಆಗುತ್ತಿದ್ದಿತೆಂದು ಫ್ಲಾಹರ್ಟಿಯೇ ಮುಂದೆ ಒಪ್ಪಿಕೊಂಡನು. ಸಮುದ್ರದೊಡನೆ ಹೋರಾಟವನ್ನು ತೋರಿಸಿದೆ, ಜಮೀನ್ದಾರರೊಡನೆ ಹೋರಾಟವನ್ನು ತೋರಿಸಲಿಲ್ಲವೆಂದು ಟೀಕೆ ಬಂದಿತು. ಟೀಕೆ ಸುಳ್ಳಲ್ಲ. ಅದೇ ವರ್ಷ ವೆನಿಸ್ಸಿನ ಚಿತ್ರೋತ್ಸವದಲ್ಲಿ ಅದಕ್ಕೆ ದೊಡ್ಡ ಬಹುಮಾನವೂ ಬಂದಿತು.

ಇನ್ನು ನಮ್ಮ ನಾಡಿನ ಭಾಗ. ಲಂಡನ್ನಿನಲ್ಲಿ ಆಗ ಅಲೆಕ್ಸಾಂಡರ್ ಕೋರ್ಡಾ ಎಂಬ ಹಂಗೆರಿ ಮೂಲದ ನಿರ್ಮಾಪಕನು ಹೆಸರು ಮಾಡಿದ್ದನು. ಕಿಪ್ಲಿಂಗನ ಆನೆಗಳ ತೂಮಾಯಿಯ ಕಥೆಯನ್ನು ಆಧರಿಸಿ ಚಿತ್ರ ತೆಗೆಯಲು ಕೋರ್ಡಾ ಒಪ್ಪಿದನು. 1935ರಲ್ಲಿ ಫ್ಲಾಹರ್ಟಿ ಭಾರತಕ್ಕೆ ಬಂದು ಮೈಸೂರಿನಲ್ಲಿ ಬೀಡುಬಿಟ್ಟನು. ನಾಲ್ವಡಿ ಕೃಷ್ಣರಾಜ ಒಡೆಯರು ಪಟ್ಟದಲ್ಲಿದ್ದರು. ಮಿರ್ಜಾ ಇಸ್ಮಾಯಿಲರು ದಿವಾನರು. ಮಹಾರಾಜರು ಅರಮನೆಯೊಂದನ್ನು ಬಿಡಾರಕ್ಕೆ ಬಿಟ್ಟುಕೊಟ್ಟುದಲ್ಲದೆ ಆನೆಲಾಯವನ್ನೂ ಕಾಡನ್ನೂ ತೆರೆದಿಟ್ಟರು. ಇಷ್ಟು ಉದಾರವಾದ ಆತಿಥ್ಯ ಆತನಿಗೆ ಹಿಂದೆಯೂ ದೊರೆತಿರಲಿಲ್ಲ, ಮುಂದೆಯೂ ದೊರೆಯಲಿಲ್ಲ.

ಹುಡುಗನೊಬ್ಬನು ಬೇಕಾಗಿದ್ದಿತು. ಅರಮನೆಯ ಆನೆಲಾಯದಲ್ಲಿ ಛಾಯಾಗ್ರಾಹಕ ಆಸ್ಮಂಡ್ ಬೊರಡೇಲನ ಕಣ್ಣಿಗೆ ಸಾಬು ಬಿದ್ದನು. ಕಾರಾಪುರದ ಮಾವುತನ ಮಗ, 1924ರಲ್ಲಿ ಹುಟ್ಟಿದವನು. ತಾಯಿ ಹಸುಳೆಯಾಗಿದ್ದಾಗಲೇ ಹೋಗಿದ್ದಳು, ತಂದೆಯೂ ಕೆಲವು ವರ್ಷಗಳ ಹಿಂದೆ ತೀರಿಕೊಂಡಿದ್ದನು. ಆನೆಲಾಯವೇ ಅವನಿಗೆ ಮನೆ. ಬೇರೆ ಹುಡುಗರಿಗೆ ಆನೆಯ ಮೇಲೆ ಹೇಗೆ ಕೂಡಬೇಕೆಂದು ಕಲಿಸಬೇಕು. ಸಾಬುವಿಗೆ ಆನೆಯಿಂದ ಹೇಗೆ ಇಳಿಸಬೇಕೆಂಬುದೇ ಪ್ರಶ್ನೆ. ಚಿತ್ರದಲ್ಲಿ ಕಾಲಾನಾಗನೆಂಬ ಆನೆಯ ಪಾತ್ರ ಅರಮನೆಯ ಐರಾವತನದು. ಆ ಮಹಾಗಜ ಮತ್ತು ಆ ಪುಟ್ಟ ಹುಡುಗ ಒಟ್ಟಿಗೆ ನದಿಗಿಳಿಯುವುದೇ ಒಂದು ಕಾವ್ಯ.

ಖೆಡ್ಡಾವನ್ನೂ ಚಿತ್ರಿಸಬೇಕೆಂದಾಯಿತು. ಮೈಸೂರು ಸೀಮೆಯಲ್ಲಿ ಈ ಪದ್ಧತಿಯನ್ನು ಹಿಂದಿನ ಶತಮಾನದ ಎಪ್ಪತ್ತರ ದಶಕದಲ್ಲಿ ಸ್ಯಾಂಡರ್ಸನ್ ಎಂಬ ಅಧಿಕಾರಿ ಆರಂಭಿಸಿದ್ದನು. ಕಾಕನಕೋಟೆಯ ಖೆಡ್ಡಾ ಲೋಕಪ್ರಸಿದ್ಧವಾಗಿದ್ದಿತು. ದೊಡ್ಡ ದೊಡ್ಡ ಮರದ ದಿಮ್ಮಿಗಳಿಂದ ಕೋಟೆ ಕಟ್ಟಿ, ಕಾಡಾನೆಗಳ ಹಿಂಡನ್ನು ಸುತ್ತುವರಿದು, ತಮಟೆ, ಪಂಜು, ಕೂಗುಗಳಿಂದ ಹೆದರಿಸುತ್ತ ನದಿಗಿಳಿಸಿ, ದಾಟಿಸಿ, ಬಾಗಿಲೊಳಕ್ಕೆ ನುಗ್ಗಿಸುವುದು. ಬಾಗಿಲು ಬಿದ್ದ ಮೇಲೆ ಸಾಕಾನೆಗಳ ಮೇಲೆ ಕುಳಿತ ಮಾವುತರು ಒಳಗೆ ಹೋಗಿ ಒಂದೊಂದನ್ನಾಗಿ ಹಗ್ಗ ಹಾಕಿ ಕಟ್ಟುವರು. ಹಿಂಡಿನ ಜಾಡು ಹಿಡಿದು ಕಾಡಿನಲ್ಲಿ ವಾರಗಟ್ಟಲೆ ಕಾದು ಕೂಡುತ್ತಿದ್ದವರು ಹೆಚ್ಚಾಗಿ ಕುರುಬರು. ಚಿತ್ರವನ್ನು ಕೊಂಡಾಡುವ ಬರಹಗಳಲ್ಲಿ ಅವರ ಹೆಸರುಗಳು ಕಾಣುವುದಿಲ್ಲ. ಕ್ಯಾಮರದ ಮುಂದೆ ಅವರು ಓಡುತ್ತಾರೆ, ಅಷ್ಟೇ. ಶ್ರೀಮತಿ ಫ್ಲಾಹರ್ಟಿ ಮೈಸೂರಿನ ಆ ತಿಂಗಳುಗಳ ಅನುಭವವನ್ನು ‘ಎಲಿಫೆಂಟ್ ಡಾನ್ಸ್’ ಎಂಬ ಪುಸ್ತಕವಾಗಿ 1937ರಲ್ಲಿ ಪ್ರಕಟಿಸಿದರು.

ಫ್ಲಾಹರ್ಟಿಯ ರೀತಿಯೆಂದರೆ ಮೊದಲೇ ಕಥೆ ಬರೆದುಕೊಳ್ಳುವುದಲ್ಲ; ನೋಡುತ್ತ ಹೋಗುವುದು, ತೆಗೆಯುತ್ತ ಹೋಗುವುದು. ಮಳೆಗಾಲ ಬಂದಿತು, ಹೋಯಿತು. ರಾಶಿ ರಾಶಿ ಫಿಲ್ಮು ಖರ್ಚಾಯಿತು. ಲಂಡನ್ನಿನಲ್ಲಿ ಕೋರ್ಡಾನಿಗೆ ತಾಳ್ಮೆ ತಪ್ಪಿತು. ತನ್ನ ತಮ್ಮ ಜೋಲ್ಟಾನನನ್ನು ಕಳುಹಿಸಿದನು. ಮಿಕ್ಕ ಭಾಗವನ್ನು ಇಂಗ್ಲೆಂಡಿನ ಡೆನಂ ಸ್ಟುಡಿಯೋದಲ್ಲಿ ಮಾತು ಕಥೆ ಸೇರಿಸಿ ಮುಗಿಸಿದರು. ಆದುದರಿಂದಲೇ 1937ರಲ್ಲಿ ಬಂದ ‘ಎಲಿಫೆಂಟ್ ಬಾಯ್’ ಚಿತ್ರ ಎರಡು ತುಂಡು ಬಟ್ಟೆಗಳನ್ನು ಕೂಡಿಸಿ ಹೊಲಿದಂತಿದೆ. ಮೈಸೂರಿನ ಭಾಗ ಬಂದಾಗ ಗಾಳಿ ಬೀಸುತ್ತದೆ. ಸ್ಟುಡಿಯೋದ ಭಾಗ ಬಂದಾಗ ಬಣ್ಣ ಬಳಿದುಕೊಂಡ ಇಂಗ್ಲಿಷ್ ನಟರು ಮಾತಾಡುತ್ತ ನಿಲ್ಲುತ್ತಾರೆ. ವೆನಿಸ್ಸಿನಲ್ಲಿ ನಿರ್ದೇಶನದ ಬಹುಮಾನವನ್ನು ಫ್ಲಾಹರ್ಟಿ ಮತ್ತು ಜೋಲ್ಟಾನ್ ಇಬ್ಬರಿಗೂ ಕೂಡಿಯೇ ಕೊಟ್ಟರು. ತನ್ನ ಚಿತ್ರ ತನ್ನ ಕೈತಪ್ಪಿತೆಂಬ ನೋವು ಫ್ಲಾಹರ್ಟಿಯನ್ನು ಬಿಡಲಿಲ್ಲ.

ಸಾಬುವನ್ನು ಅವನ ಅಣ್ಣನೊಡನೆ ಇಂಗ್ಲೆಂಡಿಗೆ ಕರೆದೊಯ್ದರು. ಕಾರಾಪುರದ ಹುಡುಗನು ಹಡಗು ಹತ್ತಿದನು, ಇಂಗ್ಲಿಷ್ ಕಲಿತನು. ಅಲ್ಲಿಂದ ಮುಂದೆ ಅವನು ಫ್ಲಾಹರ್ಟಿಯ ಕೈಯವನಲ್ಲ, ಕೋರ್ಡಾನ ಕೈಯವನು.

ಮಹಾಯುದ್ಧದ ಕಾಲಕ್ಕೆ ಫ್ಲಾಹರ್ಟಿ ಅಮೆರಿಕಕ್ಕೆ ಮರಳಿದ್ದನು. ಸರಕಾರದ ಬೇಸಾಯ ಇಲಾಖೆಗಾಗಿ ‘ದಿ ಲ್ಯಾಂಡ್’ ಎಂಬ ಚಿತ್ರ ತೆಗೆದನು. ಸಾವಿರಾರು ಮೈಲಿ ತಿರುಗಿ, ಕೊಚ್ಚಿಹೋದ ಮಣ್ಣು, ಪಾಳುಬಿದ್ದ ಹೊಲ, ಗಂಟುಮೂಟೆ ಕಟ್ಟಿ ಕೂಲಿ ಹುಡುಕುತ್ತ ಹೊರಟ ಸಂಸಾರಗಳನ್ನು ಕಂಡನು. ಹಳೆಯ ಕಾಲದ ಬೇಟೆ ತೋರಿಸುತ್ತಾನೆಂಬ ಅಪವಾದಕ್ಕೆ ಇದಕ್ಕಿಂತ ಬೇರೆ ಉತ್ತರ ಬೇಕಾಗಿರಲಿಲ್ಲ. ಆದರೆ 1942ರಲ್ಲಿ ಚಿತ್ರ ಮುಗಿಯುವ ಹೊತ್ತಿಗೆ ದೇಶ ಯುದ್ಧಕ್ಕಿಳಿದಿದ್ದಿತು. ಇಂಥ ದುಃಖದ ಚಿತ್ರ ಹೊರಗೆ ಹೋಗುವುದು ಸರಕಾರಕ್ಕೆ ಬೇಡವಾಯಿತು. ಅದು ಪೆಟ್ಟಿಗೆ ಸೇರಿತು.

ಕೊನೆಯ ದೊಡ್ಡ ಚಿತ್ರ ‘ಲೂಯಿಸಿಯಾನಾ ಸ್ಟೋರಿ’, 1948ರದು. ತೈಲದ ಕಂಪೆನಿಯೊಂದು ತನ್ನ ಹೆಸರು ಹಾಕಬೇಕೆಂದೂ ಕೇಳದೆ ಪೂರ್ತಿ ಖರ್ಚು ಕೊಟ್ಟಿತು. ಜೌಗು ನಾಡಿನ ಒಬ್ಬ ಹುಡುಗ, ಅವನ ದೋಣಿ, ನೀರಿನ ಮೇಲೆ ತೇಲಿ ಬರುವ ತೈಲದ ಕೊರೆಗೋಪುರ. ಆ ಗೋಪುರ ಬಂದು ಹೋದ ಮೇಲೂ ನಾಡು ಮೊದಲಿನಂತೆಯೇ ಇರುತ್ತದೆಂದು ಚಿತ್ರ ಹೇಳುತ್ತದೆ. ಹಣ ಕೊಟ್ಟವರಿಗೆ ಇದಕ್ಕಿಂತ ಪ್ರಿಯವಾದ ಮಾತು ಇನ್ನೇನು ಬೇಕಾಗಿದ್ದಿತು! ಆದರೂ ಚಿತ್ರ ಸುಂದರವಾದದ್ದು. ಅದಕ್ಕೆ ವರ್ಜಿಲ್ ಥಾಮ್ಸನ್ ಕೂಡಿಸಿದ ಸಂಗೀತಕ್ಕೆ ಪುಲಿಟ್ಜರ್ ಬಹುಮಾನ ಬಂದಿತು. ಕ್ಯಾಮರ ಹಿಡಿದಿದ್ದವನು ರಿಚರ್ಡ್ ಲೀಕಾಕ್ ಎಂಬ ತರುಣ. ಧ್ವನಿ ಹಿಡಿಯುವ ಭಾರಿ ಯಂತ್ರ ಬಂದೊಡನೆ ಕ್ಯಾಮರದ ಸ್ವಾತಂತ್ರ್ಯವೆಲ್ಲ ಹೋಗುತ್ತದೆಂಬುದನ್ನು ಅವನು ಅಲ್ಲಿ ಕಂಡನು. ಹನ್ನೆರಡು ವರ್ಷಗಳ ಬಳಿಕ ಅವನೂ ಅವನ ಗೆಳೆಯರೂ ಹೆಗಲ ಮೇಲಿಟ್ಟು ನಡೆಯಬಹುದಾದ ಯಂತ್ರಗಳಿಂದ, ಯಾರನ್ನೂ ಹೀಗೆ ಮಾಡು ಹಾಗೆ ಮಾಡು ಎನ್ನದೆ, ಸುಮ್ಮನೆ ನೋಡುತ್ತ ತೆಗೆಯುವ ಚಿತ್ರಗಳನ್ನು ಆರಂಭಿಸಿದರು. ಗುರು ಬಾಯಲ್ಲಿ ಹೇಳಿ ಕೈಯಲ್ಲಿ ಮಾಡದಿದ್ದುದನ್ನು ಶಿಷ್ಯನು ಮಾಡಿದನೆನ್ನಬಹುದು.

1951ರ ಜುಲೈ 23ರಂದು ವರ್ಮಾಂಟಿನ ಡಮ್ಮರ್‌ಸ್ಟನ್ನಿನ ತನ್ನ ಮನೆಯಲ್ಲಿ ಫ್ಲಾಹರ್ಟಿ ತೀರಿಕೊಂಡನು. ಆಗ 67 ವರ್ಷ. ಮೂವತ್ತು ವರ್ಷಗಳ ದುಡಿಮೆಯಲ್ಲಿ ತನ್ನದೆಂದು ಪೂರ್ತಿಯಾಗಿ ಹೇಳಿಕೊಳ್ಳಬಹುದಾದ ದೊಡ್ಡ ಚಿತ್ರಗಳು ಒಂದು ಕೈಬೆರಳಿನಲ್ಲಿ ಎಣಿಸುವಷ್ಟು. ಎತ್ತರದ ಆಳು, ನೀಲಿ ಕಣ್ಣು, ಹೋದಲ್ಲೆಲ್ಲ ಜೊತೆಗೊಂದು ಪಿಟೀಲು, ರಾತ್ರಿಯೆಲ್ಲ ಕೇಳಿದರೂ ಮುಗಿಯದ ಮಾತು. ಆತನನ್ನು ಬಲ್ಲವರು ನೆನೆಯುತ್ತಿದ್ದುದು ಇದನ್ನೇ. 1955ರಿಂದ ಶ್ರೀಮತಿ ಫ್ಲಾಹರ್ಟಿ ಆತನ ಹೆಸರಿನಲ್ಲಿ ಚಿತ್ರಕಾರರ ಸಮ್ಮೇಳನಗಳನ್ನು ನಡೆಸಿದರು. 1958ರಲ್ಲಿ ನಮ್ಮ ಸತ್ಯಜಿತ್ ರಾಯರು ಅಲ್ಲಿಗೆ ಹೋಗಿದ್ದರು.

ಮುಗಿಸುವ ಮುನ್ನ ಇಬ್ಬರ ವಿಷಯ ಹೇಳಬೇಕು. ‘ನಾನೂಕ್’ ಚಿತ್ರದಲ್ಲಿ ಹೆಂಡತಿಯ ಪಾತ್ರ ವಹಿಸಿದ್ದ ಇನುಯಿಟ್ ತರುಣಿಗೆ, ಫ್ಲಾಹರ್ಟಿ ಅಲ್ಲಿಂದ ಹೊರಟುಹೋದ ಮೇಲೆ, 1921ರ ಕೊನೆಯಲ್ಲಿ ಒಬ್ಬ ಮಗ ಹುಟ್ಟಿದನು. ಅವನು ಫ್ಲಾಹರ್ಟಿಯ ಮಗ. ಹೆಸರು ಜೋಸೆಫಿ. ಅಪ್ಪನು ಒಮ್ಮೆಯೂ ಅವನನ್ನು ನೋಡಲಿಲ್ಲ. 1955ರಲ್ಲಿ ಕೆನಡಾ ಸರಕಾರವು ಇನುಕ್ಜುವಾಕಿನ ಕೆಲವು ಸಂಸಾರಗಳನ್ನು ಸಾವಿರಾರು ಕಿಲೋಮೀಟರು ಉತ್ತರಕ್ಕೆ, ಸಸ್ಯವೇ ಅಪರೂಪವಾದ, ಚಳಿಗಾಲದಲ್ಲಿ ತಿಂಗಳುಗಟ್ಟಲೆ ಸೂರ್ಯನೇ ಕಾಣದ ದ್ವೀಪಕ್ಕೆ ಸಾಗಿಸಿದಾಗ ಜೋಸೆಫಿಯ ಸಂಸಾರವೂ ಅವರಲ್ಲಿ ಇದ್ದಿತು. ಹಿಂದಕ್ಕೆ ಕರೆತರುತ್ತೇವೆಂದು ಕೊಟ್ಟ ಮಾತನ್ನು ನಡೆಸಲಿಲ್ಲ. ಅವನು 1984ರಲ್ಲಿ ತೀರಿಕೊಂಡನು. ಅಪ್ಪನು ಹುಟ್ಟಿ ಆಗ ಸರಿಯಾಗಿ ನೂರು ವರ್ಷ. ಸರಕಾರ ಕ್ಷಮೆ ಕೇಳಿದ್ದು 2010ರಲ್ಲಿ.

ಇನ್ನೊಬ್ಬನು ಸಾಬು. ‘ದಿ ಡ್ರಮ್’, ‘ದಿ ಥೀಫ್ ಆಫ್ ಬಾಗ್ದಾದ್’, ‘ಜಂಗಲ್ ಬುಕ್’ ಚಿತ್ರಗಳಿಂದ ಅವನು ಲೋಕವೆಲ್ಲ ಗುರುತಿಸುವ ನಟನಾದನು. 1944ರಲ್ಲಿ ಅಮೆರಿಕದ ಪ್ರಜೆಯಾದನು. ಯುದ್ಧವಿಮಾನದ ಹಿಂಬದಿಯಲ್ಲಿ ಕುಳಿತು ಗುಂಡು ಹಾರಿಸುವ ಕೆಲಸ ಮಾಡಿ ಶೌರ್ಯದ ಪದಕ ಪಡೆದನು. ಯುದ್ಧದ ಬಳಿಕ ಅವನಿಗೆ ಒಳ್ಳೆಯ ಪಾತ್ರಗಳು ಬರಬರುತ್ತ ಕಡಮೆಯಾದುವು. 1963ರ ಡಿಸೆಂಬರ್ 2ರಂದು ಕ್ಯಾಲಿಫೋರ್ನಿಯದಲ್ಲಿ ಹೃದಯಾಘಾತದಿಂದ ಸತ್ತನು, ನಲವತ್ತು ತುಂಬಿರಲಿಲ್ಲ. ಕಾಕನಕೋಟೆಯಲ್ಲಿ ಕೊನೆಯ ಖೆಡ್ಡಾ ನಡೆದದ್ದು 1971ರಲ್ಲಿ. ಅದಾದ ಕೆಲವೇ ವರ್ಷಗಳಲ್ಲಿ ಕಬಿನಿಯ ಅಣೆಕಟ್ಟಿನ ನೀರು ಏರಿ, ಆನೆಗಳನ್ನು ದಾಟಿಸುತ್ತಿದ್ದ ಆ ದಡಗಳ ಮೇಲೆ ನಿಂತಿತು. ಬೇಸಿಗೆಯಲ್ಲಿ ನೀರು ಇಳಿದು ಹುಲ್ಲು ಚಿಗುರಿದಾಗ ಕಾಡಾನೆಗಳು ಹಿಂಡುಹಿಂಡಾಗಿ ಅಲ್ಲಿಗೆ ಬರುತ್ತವೆ. ರಜೆಗೆ ಊರಿಗೆ ಹೋದವರು ದೋಣಿಯಲ್ಲಿ ಕುಳಿತು ನೋಡಿ ಬರುತ್ತಾರೆ. ನೀರು ಬರುವುದಕ್ಕೆ ಮುಂಚಿನ ನದಿಯನ್ನು ನೋಡಬೇಕೆಂದರೆ ಫ್ಲಾಹರ್ಟಿಯ ಚಿತ್ರದಲ್ಲಿ ನೋಡಬೇಕು. ಐರಾವತನು ಅದರಲ್ಲಿ ಮಗ್ಗುಲಾಗಿ ಮಲಗಿದ್ದಾನೆ, ಹುಡುಗನು ಅವನ ಮೈ ಉಜ್ಜುತ್ತಿದ್ದಾನೆ.